ಡೇಟಿಂಗ್ ಆ್ಯಪ್ ಅಧ್ಯಯನ ನಮ್ಮ ಕಿವಿಗೂ ಬೀಳಲಿ

ಮಧ್ಯಾಹ್ನ ಒಗೆದ ಬಟ್ಟೆ ಮಡಚುವಾಗಲೋ, ಸಂಜೆ ಸೊಪ್ಪು ಬಿಡಿಸುವಾಗಲೋ ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಪಾಡ್‌ಕಾಸ್ಟ್ ಕೇಳುವ ಗೃಹಿಣಿಯರು ಈಗ ಕಡಿಮೆಯೇನಿಲ್ಲ. ನಮ್ಮ ಅಮ್ಮಂದಿರಿಗೆ ಆಕಾಶವಾಣಿ ಇತ್ತು, ನಮಗೆ ಇದು. ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿರುತ್ತೆ, ಕಿವಿ ಮಾತ್ರ ಖಾಲಿ. ಆ ಖಾಲಿ ಕಿವಿಗೆ ಈಚೆಗೆ ಒಂದು ಹೊಸ ಸರಕು ಬಂದಿದೆ. ವಿಶ್ವವಿದ್ಯಾಲಯಗಳಲ್ಲಿ ಪ್ರೊಫೆಸರುಗಳು ಪ್ರೀತಿ, ಡೇಟಿಂಗ್ ಆ್ಯಪ್, ಆನ್‌ಲೈನ್ ಸಂಬಂಧ ಅಂತ ಮಾಡಿದ ಅಧ್ಯಯನಗಳು ಪಾಡ್‌ಕಾಸ್ಟ್ ಆಗಿ, ಧಾರಾವಾಹಿಯಾಗಿ ಹೊರಬರುತ್ತಿವೆ. ಇದು ಒಳ್ಳೇದೋ ಕೆಟ್ಟದ್ದೋ ಅಂತ ಯಾರಾದರೂ ಕೇಳಿದರೆ ನಾನು ಒಳ್ಳೇದು ಅಂತಲೇ ಹೇಳುತ್ತೇನೆ. ಆದರೆ ಹೇಗೆ ಬಂದರೂ ಸರಿ ಅಂತ ಮಾತ್ರ ಹೇಳಲಾರೆ.

‘ಮದುವೆಯಾಗಿ ಹದಿನೈದು ವರ್ಷ ಆಯ್ತು, ನಮಗ್ಯಾಕ್ರೀ ಡೇಟಿಂಗ್ ಆ್ಯಪ್ ಪುರಾಣ?’ ಅನ್ನಬಹುದು ನೀವು. ಸ್ವಲ್ಪ ಮನೆಯೊಳಗೇ ಕಣ್ಣು ಹಾಯಿಸಿ. ತಮ್ಮನಿಗೆ ಹುಡುಗಿ ಹುಡುಕಲು ಮ್ಯಾಟ್ರಿಮೋನಿ ಸೈಟಿನಲ್ಲಿ ಪ್ರೊಫೈಲ್ ತುಂಬಿದ್ದು ಯಾರು? ನಾವೇ. ವೈಟ್‌ಫೀಲ್ಡಿನಲ್ಲಿ ಪಿಜಿಯಲ್ಲಿರುವ ಅಕ್ಕನ ಮಗಳ ಫೋನಿನಲ್ಲಿ ಆ ಆ್ಯಪ್ ಇರೋದು ಅವಳ ಅಮ್ಮನಿಗೆ ಗೊತ್ತಿಲ್ಲದಿದ್ದರೂ ಚಿಕ್ಕಮ್ಮನಿಗೆ ಗೊತ್ತಿರುತ್ತೆ. ವಿಚ್ಛೇದನ ಆಗಿ ನಲವತ್ತರಲ್ಲಿ ಮತ್ತೆ ಒಬ್ಬರ ಜೊತೆ ಬೇಕು ಅನ್ನಿಸಿದ ಗೆಳತಿ, ಗಂಡ ತೀರಿಕೊಂಡು ಮಕ್ಕಳು ಅಮೆರಿಕದಲ್ಲಿರುವ ಪಕ್ಕದ ಬೀದಿಯ ಆಂಟಿ ಎಲ್ಲರೂ ಈ ವ್ಯವಹಾರದ ಒಳಗೇ ಇದ್ದಾರೆ. ಹೊರಗೆ ನಿಂತು ಮೂಗು ಮುರಿಯುವವರು ನಾವಷ್ಟೇ.

ಈ ವಿಷಯದಲ್ಲಿ ಎಲ್ಲರೂ ಎತ್ತಿ ಆಡುವ ಒಂದು ಅಂಕಿ ಇದೆ. ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಸಮಾಜಶಾಸ್ತ್ರಜ್ಞ ಮೈಕೆಲ್ ರೋಸೆನ್‌ಫೆಲ್ಡ್ ಮತ್ತು ಜೊತೆಗಾರರು ‘ಜೋಡಿಗಳು ಹೇಗೆ ಭೇಟಿಯಾಗುತ್ತವೆ, ಹೇಗೆ ಒಟ್ಟಿಗೆ ಉಳಿಯುತ್ತವೆ’ ಅಂತ ಒಂದು ದೊಡ್ಡ ಸಮೀಕ್ಷೆ ನಡೆಸಿಕೊಂಡು ಬಂದಿದ್ದಾರೆ. 2019ರಲ್ಲಿ ಪ್ರಕಟವಾದ ಅವರ ಪ್ರಬಂಧದ ಪ್ರಕಾರ, 2017ರಲ್ಲಿ ಪರಿಚಯವಾದ ಗಂಡು-ಹೆಣ್ಣು ಜೋಡಿಗಳಲ್ಲಿ ಶೇ 39ರಷ್ಟು ಆನ್‌ಲೈನ್‌ನಲ್ಲೇ ಪರಿಚಯ ಆದವರು. 1995ರಲ್ಲಿ ಮೂವರಲ್ಲಿ ಒಂದು ಜೋಡಿಯನ್ನು ಗೆಳೆಯ-ಗೆಳತಿಯರು ಸೇರಿಸುತ್ತಿದ್ದರಂತೆ, 2017ರ ಹೊತ್ತಿಗೆ ಅದು ಶೇ 20ಕ್ಕೆ ಇಳಿದಿದೆ. ಆ ಅಂಕಿ ಪತ್ರಿಕೆಗಳಿಗೆ, ಟಿವಿಗೆ, ಆಮೇಲೆ ಪಾಡ್‌ಕಾಸ್ಟುಗಳಿಗೆ ಹೋಗಿ ‘ಎಲ್ಲರೂ ಆ್ಯಪಿನಲ್ಲೇ ಜೋಡಿ ಹುಡುಕುತ್ತಿದ್ದಾರೆ’ ಅಂತಾಯಿತು. ಸಮೀಕ್ಷೆ ಹೇಳಿದ್ದು ಅಮೆರಿಕದ ವಯಸ್ಕರ ಬಗ್ಗೆ. ‘ಆನ್‌ಲೈನ್’ ಅಂದರೆ ಅದರಲ್ಲಿ ಆ್ಯಪ್ ಅಷ್ಟೇ ಅಲ್ಲ, ಸೋಷಿಯಲ್ ಮೀಡಿಯಾ, ಚಾಟ್, ಗೇಮ್ ಎಲ್ಲ ಸೇರಿತ್ತು. ವಾಟ್ಸ್ಆ್ಯಪಿನಲ್ಲಿ ನಮಗೆ ತಲುಪುವ ಹೊತ್ತಿಗೆ ಇದ್ಯಾವುದೂ ಉಳಿದಿರುವುದಿಲ್ಲ. ‘ಕಾಲ ಕೆಟ್ಟುಹೋಯ್ತು’ ಅನ್ನೋದೊಂದು ಉಳಿದಿರುತ್ತೆ.

ಹಾಗಂತ ಅಧ್ಯಯನ ಕಪಾಟಿನಲ್ಲೇ ಇರಲಿ ಅನ್ನೋಣವೇ? ಇಂಥ ಎಷ್ಟೋ ಪ್ರಬಂಧಗಳನ್ನು ಓದಬೇಕಾದರೆ ಒಂದೊಂದಕ್ಕೆ ಮೂವತ್ತು-ನಲವತ್ತು ಡಾಲರ್ ಕಕ್ಕಬೇಕು. ತಿಂಗಳ ಸಾಮಾನಿನ ಚೀಟಿಯಲ್ಲಿ ಅದಕ್ಕೆಲ್ಲಿ ಜಾಗ? ದುಡ್ಡು ಕೊಟ್ಟರೂ ಆ ಇಂಗ್ಲಿಷ್, ಆ ಕೋಷ್ಟಕಗಳು! ನಾನೂ ಬಿ.ಎ. ಓದಿದವಳೇ, ಸಮಾಜಶಾಸ್ತ್ರ ಒಂದು ಐಚ್ಛಿಕ ವಿಷಯವೂ ಆಗಿತ್ತು. ಅಂಥ ಪ್ರಬಂಧದ ಮೂರನೇ ಪುಟ ದಾಟುವಷ್ಟರಲ್ಲಿ ಒಲೆ ಮೇಲಿನ ಹಾಲು ಉಕ್ಕಿರುತ್ತೆ. ಆದ್ದರಿಂದ ಯಾರಾದರೂ ಅದನ್ನು ಕಥೆ ಮಾಡಿ ಹೇಳಲೇಬೇಕು.

ಕಥೆ ಮಾಡಿ ಹೇಳಿದವರಲ್ಲಿ ಅಜೀಜ್ ಅನ್ಸಾರಿ ಎಂಬ ಹಾಸ್ಯನಟನ ಉದಾಹರಣೆ ನನಗೆ ಇಷ್ಟ. ಆತ ಅಮೆರಿಕದಲ್ಲೇ ಹುಟ್ಟಿದವನು, ಅಪ್ಪ-ಅಮ್ಮ ತಮಿಳುನಾಡಿನಿಂದ ಹೋದವರು. ನ್ಯೂಯಾರ್ಕಿನ ಸಮಾಜಶಾಸ್ತ್ರಜ್ಞ ಎರಿಕ್ ಕ್ಲಿನೆನ್‌ಬರ್ಗ್ ಅವರನ್ನು ಜೊತೆ ಮಾಡಿಕೊಂಡು ನ್ಯೂಯಾರ್ಕ್, ಟೋಕಿಯೊ, ಪ್ಯಾರಿಸ್, ಬ್ಯೂನಸ್ ಐರಿಸ್ ಅಂತ ಊರೂರು ಸುತ್ತಿ, ಜನರನ್ನು ಗುಂಪುಗುಂಪಾಗಿ ಕೂರಿಸಿ ಮಾತಾಡಿಸಿ, ಅವರ ಮೊಬೈಲಿನ ಮೆಸೇಜುಗಳನ್ನೂ ಒಪ್ಪಿಗೆ ಪಡೆದು ನೋಡಿ, 2015ರಲ್ಲಿ ‘ಮಾಡರ್ನ್ ರೊಮ್ಯಾನ್ಸ್’ ಎಂಬ ಪುಸ್ತಕ ತಂದ. ಅದೇ ವರ್ಷ ನೆಟ್‌ಫ್ಲಿಕ್ಸ್‌ನಲ್ಲಿ ಆತನ ‘ಮಾಸ್ಟರ್ ಆಫ್ ನನ್’ ಧಾರಾವಾಹಿ ಶುರುವಾಯಿತು. ಅದರಲ್ಲಿ ಅವನ ನಿಜವಾದ ಅಪ್ಪ-ಅಮ್ಮನೇ ಅಪ್ಪ-ಅಮ್ಮನ ಪಾತ್ರ ಮಾಡಿದ್ದಾರೆ, ನೋಡಲು ಬಲು ಚೆಂದ. 2017ರಲ್ಲಿ ಬಂದ ಎರಡನೇ ಭಾಗದಲ್ಲಿ ಒಂದು ಕಂತು ಪೂರ್ತಿ ಮೊದಲ ಭೇಟಿಗಳದ್ದೇ. ನಾಯಕ ಆ್ಯಪಿನಲ್ಲಿ ಸಿಕ್ಕ ಒಬ್ಬೊಬ್ಬ ಹುಡುಗಿಯನ್ನೂ ಹೋಟೆಲಿಗೆ ಕರೆದುಕೊಂಡು ಹೋಗುತ್ತಾನೆ. ಹುಡುಗಿಯರು ಬದಲಾಗುತ್ತಾರೆ, ಟೇಬಲ್ಲು ಅದೇ, ಮಾತೂ ಹೆಚ್ಚುಕಡಿಮೆ ಅದೇ. ಆಯ್ಕೆ ಹೆಚ್ಚಾದಂತೆ ಮನುಷ್ಯ ಸುಸ್ತಾಗುತ್ತಾನೆ ಅನ್ನೋದನ್ನ ಪುಸ್ತಕದಲ್ಲಿ ಎಷ್ಟೋ ಪುಟ ಬರೆದು ಹೇಳಬೇಕು, ಇಲ್ಲಿ ಅರ್ಧ ಗಂಟೆಯಲ್ಲಿ ನಮ್ಮ ಕಾಲೇ ನೋವು ಬಂದ ಹಾಗಾಗುತ್ತೆ.

ಅದೇ ಅನ್ಸಾರಿಯ ಮೇಲೆ 2018ರ ಜನವರಿಯಲ್ಲಿ ಒಬ್ಬ ಯುವತಿ ಹೆಸರು ಹೇಳದೆ ದೂರಿದಳು. ಭೇಟಿಯ ಸಂಜೆ ತನಗೆ ಇಷ್ಟವಿಲ್ಲದಿದ್ದರೂ ಒತ್ತಾಯ ಮಾಡಿದ ಅಂತ. ಅವಳೂ ಒಪ್ಪಿದ್ದಳೆಂದೇ ತಾನು ತಿಳಿದಿದ್ದೆ ಅಂತ ಆತ ಹೇಳಿದ. ಆ ಬಗ್ಗೆ ತೀರ್ಪು ಹೇಳಲು ನಾನ್ಯಾರು? ಆದರೆ ಹೆಣ್ಣು ಮೌನವಾಗಿ ಮುದುರಿಕೊಂಡರೆ ಅದು ‘ಹೂಂ’ ಅಲ್ಲ ಅನ್ನೋದು ಡೇಟಿಂಗ್ ಬಗ್ಗೆ ಯಾವ ಕಾರ್ಯಕ್ರಮ ಮಾಡಿದರೂ ಮೊದಲ ಕಂತಿನಲ್ಲೇ ಬರಬೇಕಾದ ಮಾತು. ಹುಡುಗರ ತಾಯಂದಿರು ಅದನ್ನು ಮಗನ ಜೊತೆ ಕೂತು ಕೇಳಬೇಕು.

ಇನ್ನು ಪಾಡ್‌ಕಾಸ್ಟ್ ವಿಷಯಕ್ಕೆ ಬರೋಣ. ಅಮೆರಿಕದ ಇಬ್ಬರು ಮನೋವಿಜ್ಞಾನಿಗಳು, ಈಲೈ ಫಿಂಕೆಲ್ ಮತ್ತು ಪಾಲ್ ಈಸ್ಟ್‌ವಿಕ್, ಇಪ್ಪತ್ತು ವರ್ಷಗಳಿಂದ ಆಕರ್ಷಣೆ ಹೇಗೆ ಹುಟ್ಟುತ್ತೆ ಅಂತಲೇ ಕೆಲಸ ಮಾಡಿದವರು. ಈಗ ಅವರು ‘ಲವ್ ಫ್ಯಾಕ್ಚುಯಲಿ’ ಅಂತ ಒಂದು ಪಾಡ್‌ಕಾಸ್ಟ್ ನಡೆಸುತ್ತಿದ್ದಾರೆ. ಒಂದೊಂದು ಕಂತಿಗೆ ಒಂದೊಂದು ಪ್ರೇಮಕಥೆಯ ಸಿನಿಮಾ ಎತ್ತಿಕೊಂಡು, ಇದರಲ್ಲಿ ನಿಜ ಎಷ್ಟು, ಬೊಗಳೆ ಎಷ್ಟು ಅಂತ ಅಧ್ಯಯನಗಳ ಆಧಾರದಲ್ಲಿ ಹರಟೆ ಹೊಡೆಯುತ್ತಾರೆ. ನಮ್ಮ ಗೆಳತಿಯರು ಸಿನಿಮಾ ನೋಡಿ ಬಂದು ಕಾಂಪೌಂಡ್ ಗೋಡೆಗೆ ಒರಗಿ ಮಾಡೋದೂ ಅದನ್ನೇ, ಅವರಿಗೆ ಪಿಎಚ್‌ಡಿ ಇದೆ ಅಷ್ಟೇ!

ಇವರಿಬ್ಬರು 2008ರಲ್ಲಿ ಪ್ರಕಟಿಸಿದ ಒಂದು ಅಧ್ಯಯನ ನಮ್ಮ ಹೆಣ್ಣು ನೋಡುವ ಶಾಸ್ತ್ರಕ್ಕೆ ಹೇಳಿ ಮಾಡಿಸಿದಂತಿದೆ. ವಿಶ್ವವಿದ್ಯಾಲಯದ ಹುಡುಗ-ಹುಡುಗಿಯರನ್ನು ಮೊದಲು ‘ನಿಮಗೆ ಎಂಥವರು ಬೇಕು?’ ಅಂತ ಕೇಳಿದರು. ಹುಡುಗರು ರೂಪ ಅಂದರು, ಹುಡುಗಿಯರು ಸಂಪಾದನೆಗೂ ಅಂಕ ಕೊಟ್ಟರು. ನಮ್ಮ ಊರಿನ ವರಪರೀಕ್ಷೆ ಇದ್ದಂಗೇ ಇತ್ತು. ಆಮೇಲೆ ಒಬ್ಬೊಬ್ಬರನ್ನೂ ನಾಲ್ಕು ನಾಲ್ಕು ನಿಮಿಷ ಎದುರುಬದುರು ಕೂರಿಸಿದರು. ಎದ್ದು ಬಂದ ಮೇಲೆ ಯಾರು ಇಷ್ಟವಾದರು ಅಂತ ನೋಡಿದರೆ, ಮೊದಲು ಬರೆದುಕೊಟ್ಟ ಪಟ್ಟಿಗೂ ಇದಕ್ಕೂ ಸಂಬಂಧವೇ ಕಾಣಲಿಲ್ಲ. ಹುಡುಗ-ಹುಡುಗಿಯರ ನಡುವಿನ ಆ ವ್ಯತ್ಯಾಸವೂ ಮಾಯ! 2017ರಲ್ಲಿ ಸಮಂತಾ ಜೋಯಲ್ ಎಂಬ ಸಂಶೋಧಕಿಯ ಜೊತೆ ಸೇರಿ ಇನ್ನೊಂದು ಪರೀಕ್ಷೆ ಮಾಡಿದರು. ಒಬ್ಬೊಬ್ಬರ ಬಗ್ಗೆ ನೂರಕ್ಕೂ ಹೆಚ್ಚು ವಿವರ ಕಂಪ್ಯೂಟರಿಗೆ ಕೊಟ್ಟು, ಯಾರಿಗೆ ಯಾರು ವಿಶೇಷವಾಗಿ ಹಿಡಿಸುತ್ತಾರೆ ಹೇಳು ಅಂದರೆ, ಅದಕ್ಕೆ ಹೇಳಲು ಆಗಲಿಲ್ಲ. ಇದಕ್ಕೂ ಮುಂಚೆ 2012ರಲ್ಲೇ ಫಿಂಕೆಲ್ ಮತ್ತು ನಾಲ್ವರು ಒಂದು ದೀರ್ಘ ವರದಿ ಬರೆದಿದ್ದರು. ಡೇಟಿಂಗ್ ಸೈಟುಗಳಿಂದ ಹೆಚ್ಚು ಜನರ ಪರಿಚಯ ಸಾಧ್ಯ, ಅದು ಲಾಭವೇ. ಆದರೆ ‘ನಮ್ಮ ಲೆಕ್ಕಾಚಾರ ನಿಮಗೆ ಸರಿಯಾದ ಜೋಡಿ ಹುಡುಕಿಕೊಡುತ್ತೆ’ ಎಂಬ ಕಂಪನಿಗಳ ಮಾತಿಗೆ ಗಟ್ಟಿ ಪುರಾವೆ ಇಲ್ಲ ಅಂತ ಸ್ಪಷ್ಟವಾಗಿ ಹೇಳಿದ್ದರು.

ಇದನ್ನು ಕೇಳಿದಾಗ ನನಗೆ ಮೊದಲು ನೆನಪಾದದ್ದು ನಮ್ಮನೆಯಲ್ಲಿ ಮೈದುನನಿಗೆ ಹೆಣ್ಣು ಹುಡುಕುವಾಗ ಅತ್ತೆ ಮಾಡಿಟ್ಟಿದ್ದ ಪಟ್ಟಿ. ಎತ್ತರ, ಬಣ್ಣ, ಡಿಗ್ರಿ, ನಕ್ಷತ್ರ, ಸ್ವಂತ ಮನೆ. ಆ್ಯಪಿನ ಹುಡುಗರು ಬೆರಳಲ್ಲಿ ಬಲಕ್ಕೆ ಎಡಕ್ಕೆ ತಳ್ಳುತ್ತಾರೆ ಅಂತ ನಾವು ನಗುತ್ತೇವೆ. ಬಯೋಡಾಟಾ ಫೋಟೋ ನೋಡಿ ‘ಸ್ವಲ್ಪ ಕಪ್ಪು’ ಅಂತ ಪಕ್ಕಕ್ಕಿಡುವುದು ಇನ್ನೇನು ಮತ್ತೆ? ಈ ಅಧ್ಯಯನವನ್ನು ಕನ್ನಡದಲ್ಲಿ ಯಾರಾದರೂ ಇಪ್ಪತ್ತು ನಿಮಿಷದ ಕಂತು ಮಾಡಿ ಹೇಳಿದರೆ, ನಾನು ಅದನ್ನು ನಮ್ಮ ಕುಟುಂಬದ ವಾಟ್ಸ್ಆ್ಯಪ್ ಗ್ರೂಪಿಗೆ ಹಾಕದೇ ಬಿಡೋಲ್ಲ.

ಸಿನಿಮಾ ಬಂತು, ವಿವರಣೆ ಬರಲಿಲ್ಲ

ಈಗ ನನ್ನ ಅಸಮಾಧಾನ ಹೇಳುತ್ತೇನೆ. 2022ರ ಫೆಬ್ರುವರಿಯಲ್ಲಿ ‘ದ ಟಿಂಡರ್ ಸ್ವಿಂಡ್ಲರ್’ ಸಾಕ್ಷ್ಯಚಿತ್ರ ಬಂತಲ್ಲ, ನಮ್ಮ ಅಪಾರ್ಟ್‌ಮೆಂಟಿನ ಹೆಂಗಸರು ಕೆಲವರು ಒಂದು ಶನಿವಾರ ಸೇರಿ, ಚಕ್ಕುಲಿ-ಕಾಫಿ ಇಟ್ಟುಕೊಂಡು ನೋಡಿದೆವು. ಇಸ್ರೇಲಿನ ಒಬ್ಬ ಯುವಕ ವಜ್ರದ ವ್ಯಾಪಾರಿಯ ಮಗ ಅಂತ ಹೇಳಿಕೊಂಡು, ಖಾಸಗಿ ವಿಮಾನ, ದೊಡ್ಡ ಹೋಟೆಲು ತೋರಿಸಿ ಯುರೋಪಿನ ಹೆಣ್ಣುಮಕ್ಕಳಿಂದ ಲಕ್ಷಾಂತರ ಡಾಲರ್ ಕಿತ್ತ ಕಥೆ. ನಾರ್ವೆಯ ಸೆಸಿಲಿಯೆ ಎಂಬಾಕೆ ಅವನಿಗಾಗಿ ಒಂಬತ್ತು ಕಡೆ ಸಾಲ ಎತ್ತಿದ್ದಳು. ‘ಶತ್ರುಗಳು ನನ್ನ ಬೆನ್ನು ಹತ್ತಿದ್ದಾರೆ, ನನ್ನ ಕಾರ್ಡ್ ಬಳಸುವಂತಿಲ್ಲ’ ಅಂತ ರಕ್ತ ಸುರಿಯುವ ಅಂಗರಕ್ಷಕನ ಫೋಟೋ ಕಳಿಸುತ್ತಿದ್ದ ಭೂಪ!

ಚಿತ್ರ ಮುಗಿಯುವುದೇ ತಡ, ನಮ್ಮ ನಡುವೆ ಶುರುವಾಯಿತು. ‘ಅಷ್ಟು ಓದಿದೋಳಿಗೆ ಬುದ್ಧಿ ಬೇಡ್ವಾ?’ ‘ದುಡ್ಡಿದೆ ಅಂತಾನೇ ಹೋದ್ಲು ಬಿಡ್ರೀ.’ ‘ಎರಡನೇ ಸಲ ಯಾಕೆ ಕೊಟ್ಲು?’ ಅವನನ್ನು ಬೈದವರು ಒಬ್ಬರೋ ಇಬ್ಬರೋ, ಉಳಿದ ಬೈಗುಳವೆಲ್ಲ ಅವಳಿಗೆ. ನಮ್ಮ ಕಥೆ ಮಾತ್ರವಲ್ಲ, ಲೋಕದ ಕಥೆಯೂ ಅದೇ. ಮುಖ ತೋರಿಸಿ ಮಾತಾಡಿದ ಆ ಮೂವರು ಹೆಂಗಸರನ್ನು ಜನ ‘ದುಡ್ಡಿನ ಆಸೆಬುರುಕಿಯರು’ ಅಂತ ಬಾಯಿಗೆ ಬಂದ ಹಾಗೆ ಅಂದರು. ಅವರು ಸಾಲ ತೀರಿಸಲು ಸಾರ್ವಜನಿಕರ ಮುಂದೆ ಕೈಚಾಚಬೇಕಾಯಿತು. ಅವನಿಗೆ 2019ರಲ್ಲಿ ಇಸ್ರೇಲಿನಲ್ಲಿ ಬೇರೆ ಹಳೇ ವಂಚನೆಗಳಿಗಾಗಿ 15 ತಿಂಗಳ ಶಿಕ್ಷೆಯಾಗಿ, ಐದು ತಿಂಗಳಿಗೇ ಹೊರಬಂದಿದ್ದ. ಈ ಹೆಂಗಸರಿಗೆ ಮೋಸ ಮಾಡಿಲ್ಲ ಅಂತಲೇ ಅವನ ವಾದ.

ಆ ಚಿತ್ರ ಹುಟ್ಟಿದ್ದು ನಾರ್ವೆಯ ‘ವಿಜಿ’ ಪತ್ರಿಕೆಯ 2019ರ ತನಿಖಾ ವರದಿಯಿಂದ. ವರದಿಗಾರರ ಕೆಲಸ ಅಚ್ಚುಕಟ್ಟಾಗಿತ್ತು, ಚಿತ್ರವೂ ಉಸಿರು ಬಿಗಿಹಿಡಿದು ನೋಡುವಂತಿತ್ತು. ಆದರೆ ‘ಎರಡನೇ ಸಲ ಯಾಕೆ ಕೊಟ್ಲು?’ ಎಂಬ ಪ್ರಶ್ನೆಗೆ ಉತ್ತರ ಅದು ಬರುವ ಎಷ್ಟೋ ವರ್ಷ ಮುಂಚೆಯೇ ವಿಶ್ವವಿದ್ಯಾಲಯಗಳಲ್ಲಿ ಬರೆದಿಟ್ಟಾಗಿತ್ತು. ಮೋನಿಕಾ ವಿಟ್ಟಿ ಎಂಬ ಮನೋವಿಜ್ಞಾನಿ ಬ್ರಿಟನ್ನಿನಲ್ಲಿ ಮೋಸಹೋದವರನ್ನು ಗಂಟೆಗಟ್ಟಲೆ ಮಾತಾಡಿಸಿ, ಈ ವಂಚನೆ ಮೆಟ್ಟಿಲು ಮೆಟ್ಟಿಲಾಗಿ ನಡೆಯುತ್ತದೆ ಅಂತ 2013ರಲ್ಲಿ ಬರೆದರು. ಮೊದಲು ಹೇಳಿ ಮಾಡಿಸಿದಂಥ ಪ್ರೊಫೈಲ್. ಆಮೇಲೆ ದಿನಾ ಬೆಳಗ್ಗೆ-ರಾತ್ರಿ ಮೆಸೇಜು, ಕವಿತೆ, ಮುಂದಿನ ಬದುಕಿನ ಕನಸು. ಇದು ತಿಂಗಳುಗಟ್ಟಲೆ. ಹಣದ ಮಾತು ಬರೋದು ಆಮೇಲೆ, ಅದೂ ಎಷ್ಟೋ ಸಲ ಸಣ್ಣದೊಂದು ಉಡುಗೊರೆಯಿಂದ. ಸಣ್ಣದಕ್ಕೆ ಹೂಂ ಅಂದವಳು ದೊಡ್ಡದಕ್ಕೆ ಇಲ್ಲ ಅನ್ನೋದು ಕಷ್ಟ. ಎರಡನೇ ಸಲ ಕೊಡೋದೂ ಇದಕ್ಕೇ. ‘ಇದೊಂದು ತೊಂದರೆ ಕಳೆದರೆ ಅವನು ಬಂದೇ ಬಿಡ್ತಾನೆ’ ಎಂಬ ಆಸೆ, ಜೂಜಾಡುವವರಿಗೆ ಇನ್ನೇನು ಗೆದ್ದೆ ಅನ್ನಿಸುತ್ತಲ್ಲ, ಹಾಗೆ. ಇವರ ನಷ್ಟ ಎರಡು ಪಟ್ಟು ಅಂತಾರೆ ವಿಟ್ಟಿ. ಹಣವೂ ಹೋಯಿತು, ಪ್ರೀತಿಸಿದವನೂ ಹೋದ. ಅವನು ಇರಲೇ ಇಲ್ಲ ಅಂತ ಗೊತ್ತಾಗೋದು ಸಾವಿಗಿಂತ ವಿಚಿತ್ರವಾದ ಸಂಕಟ. ಅಳೋಣ ಅಂದರೆ ಜೊತೆಗೆ ಕೂತು ಸಮಾಧಾನ ಹೇಳುವವರೂ ಇರುವುದಿಲ್ಲ, ಎಲ್ಲರೂ ಬೈಯುವವರೇ. ಇನ್ನೊಂದು ಮಾತು: 2018ರಲ್ಲಿ ಅವರೇ ಪ್ರಕಟಿಸಿದ ಅಧ್ಯಯನದಲ್ಲಿ ಮೋಸಹೋದವರು ಹೆಚ್ಚಾಗಿ ಮಧ್ಯವಯಸ್ಸಿನ, ಚೆನ್ನಾಗಿ ಓದಿಕೊಂಡ ಹೆಂಗಸರು. ಓದಿದೋಳಿಗೆ ಬುದ್ಧಿ ಬೇಡ್ವಾ ಅಂದವರು ಇದನ್ನೊಂದು ಸಲ ಓದಬೇಕು.

ಬ್ರಿಟನ್ನಿನ ಅಪರಾಧಶಾಸ್ತ್ರಜ್ಞೆ ಎಲಿಸಬೆತ್ ಕಾರ್ಟರ್ 2021ರಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಒಬ್ಬ ವಂಚಕ ಮತ್ತು ಒಬ್ಬಾಕೆಯ ನಡುವೆ ನಿಜವಾಗಿ ನಡೆದ ಮೆಸೇಜುಗಳನ್ನೇ ಇಟ್ಟುಕೊಂಡು ಭಾಷೆಯನ್ನು ಬಿಡಿಸಿ ನೋಡಿದರು. ಅಲ್ಲಿ ಕಂಡದ್ದು ಮಾಟಮಂತ್ರವಲ್ಲ, ಯಾವ ಪ್ರೇಮಿಗಳೂ ಆಡುವ ಸಾಧಾರಣ ಮಾತು. ಅವಳು ಎಚ್ಚರಿಕೆಯಿಂದ ಏನಾದರೂ ಕೇಳಿದರೆ ‘ನನ್ನ ಮೇಲೆ ನಂಬಿಕೆ ಇಲ್ವಾ?’ ಅಂತ ಅವನು ನೊಂದುಕೊಳ್ಳುತ್ತಾನೆ, ಅವಳಿಗೆ ತಾನೇ ತಪ್ಪು ಮಾಡಿದೆ ಅನ್ನಿಸುತ್ತೆ. ಇದು ಮನೆಯೊಳಗೆ ಹೆಂಡತಿಯನ್ನು ಹಿಡಿತದಲ್ಲಿಟ್ಟುಕೊಳ್ಳುವ ಗಂಡಂದಿರ ಮಾತಿನ ಹಾಗೇ ಇದೆ ಅಂತಾರೆ ಕಾರ್ಟರ್. ಆ ವಾಕ್ಯ ನಮ್ಮಲ್ಲಿ ಎಷ್ಟು ಜನ ಕೇಳಿಲ್ಲ ಹೇಳಿ! ‘ನಂಬಿಕೆ ಇಲ್ವಾ’ ಅಂದ ಕೂಡಲೇ ಬಾಯಿ ಮುಚ್ಚಿಕೊಂಡ ಅನುಭವ ಇರುವವರಿಗೆ ಸೆಸಿಲಿಯೆ ಅಷ್ಟೊಂದು ಪೆದ್ದಿಯಾಗಿ ಕಾಣಲಾರಳು.

ನನ್ನ ಅಭಿಪ್ರಾಯ ಇಷ್ಟೇ. ಆ ಚಿತ್ರದ ಜೊತೆ ಇಂಥ ಸಂಶೋಧಕಿಯೊಬ್ಬರು ಹತ್ತು ನಿಮಿಷ ಕೂತು ಈ ಮೆಟ್ಟಿಲುಗಳನ್ನು ವಿವರಿಸಿದ್ದರೆ ನಮ್ಮ ಚಕ್ಕುಲಿ-ಕಾಫಿಯ ಮಾತು ಬೇರೆ ದಾರಿ ಹಿಡಿಯುತ್ತಿತ್ತು. ರೋಚಕತೆ ಕಡಿಮೆಯಾಗುತ್ತೆ ಅಂತ ನಿರ್ಮಾಪಕರು ಅಂದುಕೊಂಡರೋ ಏನೋ. ಆದರೆ ಮೋಸ ಹೇಗೆ ಕೆಲಸ ಮಾಡುತ್ತೆ ಅನ್ನೋದಕ್ಕಿಂತ ರೋಚಕವಾದದ್ದು ಆ ವಿಮಾನ, ವಾಚುಗಳಲ್ಲಿ ಏನಿದೆ?

ಪಾಡ್‌ಕಾಸ್ಟಿಗೆ ಈ ವಿಷಯದಲ್ಲಿ ತಾಳ್ಮೆ ಜಾಸ್ತಿ. 2021ರಲ್ಲಿ ಬ್ರಿಟನ್ನಿನ ‘ಸ್ವೀಟ್ ಬಾಬಿ’ ಪಾಡ್‌ಕಾಸ್ಟ್ ಬಂತು. ಲಂಡನ್ನಿನ ಸಿಖ್ ಮನೆತನದ ಕಿರತ್ ಅಸ್ಸಿ ಎಂಬಾಕೆ ಸುಮಾರು ಎಂಟು-ಒಂಬತ್ತು ವರ್ಷ ಆನ್‌ಲೈನ್‌ನಲ್ಲಿ ಪ್ರೀತಿಸಿದ ‘ಬಾಬಿ’ಯ ಹಿಂದೆ ಇದ್ದದ್ದು ಅವಳದೇ ಬಳಗದ ಹೆಣ್ಣುಮಗಳು. ಕಂತುಕಂತಾಗಿ, ಕಿರತ್‌ಳ ದನಿಯಲ್ಲೇ ಕೇಳುವಾಗ ಅವಳ ಲೋಕ ಹೇಗೆ ಕಿರಿದಾಗುತ್ತಾ ಹೋಯಿತು, ಕೆಲಸ, ಸ್ನೇಹಿತರು ಹೇಗೆ ಒಂದೊಂದಾಗಿ ಕಳಚಿಹೋದರು ಅಂತ ನಮಗೂ ಮೈ ಬಿಸಿಯಾಗುತ್ತೆ. 2024ರಲ್ಲಿ ಅದೇ ಕಥೆ ನೆಟ್‌ಫ್ಲಿಕ್ಸ್ ಚಿತ್ರವಾಗಿ ಒಂದೂವರೆ ಗಂಟೆಯೊಳಗೆ ಮುಗಿಯಿತು. ನಿಧಾನಕ್ಕೆ ನಡೆದ ಮೋಸವನ್ನು ನಿಧಾನಕ್ಕೇ ಹೇಳಬೇಕು, ಅವಸರದಲ್ಲಿ ಹೇಳಿದರೆ ಮೋಸಹೋದವಳು ಪೆದ್ದಿಯಾಗಿಯೇ ಕಾಣೋದು.

ದನಿಗೂ ಒಂದು ಗುರುತು ಇರುತ್ತೆ

ಸಂಶೋಧನೆಗೆ ಸಂದರ್ಶನ ಕೊಟ್ಟವರ ವಿಷಯ ಯಾರೂ ಎತ್ತೋದಿಲ್ಲ. ನಮ್ಮ ಬ್ಲಾಕಿನ ಒಬ್ಬ ಹುಡುಗಿ ಎಂ.ಎ. ಪ್ರಾಜೆಕ್ಟಿಗೆ ಅಂತ ಹೆಂಗಸರನ್ನು ಮಾತಾಡಿಸಲು ಬಂದಿದ್ದಾಗ ಒಂದು ಕಾಗದಕ್ಕೆ ಸಹಿ ಹಾಕಿಸಿಕೊಂಡಿದ್ದಳು. ಹೆಸರು ಬದಲಾಯಿಸುತ್ತೇವೆ, ಗುರುತು ಬಿಟ್ಟುಕೊಡೋಲ್ಲ ಅಂತ ಅದರಲ್ಲಿತ್ತು. ಆ ಭರವಸೆ ಮೇಲೇ ಎಷ್ಟೋ ಮನದ ಮಾತು ಆಚೆ ಬಂದವು. ನಾಳೆ ಅದೇ ಅಧ್ಯಯನ ಪಾಡ್‌ಕಾಸ್ಟ್ ಆದರೆ? ಪ್ರಬಂಧದಲ್ಲಿ ‘ಲಲಿತಾ, 42’ ಅಂತ ಬರೆದರೆ ಯಾರಿಗೂ ಗೊತ್ತಾಗೋಲ್ಲ. ದನಿ ಕೇಳಿಸಿದರೆ ನಾದಿನಿಗೆ ಎರಡೇ ಸೆಕೆಂಡಿನಲ್ಲಿ ಗೊತ್ತಾಗುತ್ತೆ! ಪ್ರಬಂಧಕ್ಕೆ ಕೊಟ್ಟ ಒಪ್ಪಿಗೆ ಧ್ವನಿಗೂ ಕ್ಯಾಮೆರಾಕ್ಕೂ ಕೊಟ್ಟ ಒಪ್ಪಿಗೆ ಅಲ್ಲ. ಮತ್ತೆ ಹೋಗಿ ಕೇಳಬೇಕು. ಬೇಡ ಅಂದರೆ ನಟಿಯಿಂದ ಓದಿಸಬೇಕು, ಊರು-ಕೆಲಸದ ವಿವರ ಬದಲಾಯಿಸಬೇಕು. ಟಿವಿ ಚಾನೆಲ್ಲುಗಳು ಮುಖ ಮಸುಕು ಮಾಡಿ ಸೀರೆ, ಬಾಗಿಲು, ರಂಗೋಲಿ ಎಲ್ಲ ತೋರಿಸಿಬಿಡುತ್ತವಲ್ಲ, ಹಾಗಾಗಬಾರದು.

ನಮ್ಮ ದೇಶದ ಮಾತು ಬೇರೆ. ಇಲ್ಲಿ ಆ್ಯಪಿಗಿಂತ ಮ್ಯಾಟ್ರಿಮೋನಿ ಸೈಟೇ ದೊಡ್ಡದು. ಎನ್‌ಸಿಎಇಆರ್ ಸಂಸ್ಥೆ ಮತ್ತು ಮೇರಿಲ್ಯಾಂಡ್ ವಿಶ್ವವಿದ್ಯಾಲಯ ಸೇರಿ 2011-12ರಲ್ಲಿ ನಲವತ್ತು ಸಾವಿರಕ್ಕೂ ಹೆಚ್ಚು ಮನೆಗಳಲ್ಲಿ ಮಾಡಿದ ಭಾರತ ಮಾನವ ಅಭಿವೃದ್ಧಿ ಸಮೀಕ್ಷೆಯಲ್ಲಿ ತಮ್ಮದು ಅಂತರ್ಜಾತಿ ಮದುವೆ ಅಂದವರು ಸುಮಾರು ಶೇ 5 ಮಾತ್ರ. ಅಂಥ ಸಮಾಜಕ್ಕೆ ಟಿಂಡರ್ ಬಂದಿದೆ, ಬಂಬಲ್ ಬಂದಿದೆ. 2016ರಲ್ಲಿ ಕೇಂದ್ರ ಸರ್ಕಾರ ಮದುವೆ ಸೈಟುಗಳಿಗೆ ಮಾರ್ಗಸೂಚಿ ಹೊರಡಿಸಿದಾಗ, ಬಳಕೆದಾರರ ಗುರುತಿನ ದಾಖಲೆ ಪರಿಶೀಲಿಸಿ ಅನ್ನುವುದರ ಜೊತೆಗೆ, ‘ಇದು ಡೇಟಿಂಗ್ ಸೈಟ್ ಅಲ್ಲ’ ಅಂತ ಘೋಷಿಸಿಕೊಳ್ಳಿ ಅಂತಲೂ ಹೇಳಿತು. ಮದುವೆ ಅಂದರೆ ಮರ್ಯಾದೆ, ಡೇಟಿಂಗ್ ಅಂದರೆ ಅಪಾಯ ಅಂತ ಗೆರೆ ಎಳೆದ ಹಾಗಾಯ್ತು. ವಂಚಕನಿಗೆ ಈ ಗೆರೆ ಲೆಕ್ಕಕ್ಕಿಲ್ಲ. ಮದುವೆ ಸೈಟಿನಲ್ಲಿ ನಂಬಿಕೆ ಹೆಚ್ಚು ಅಂತ ಅವನು ಅಲ್ಲಿಗೇ ಬರುತ್ತಾನೆ.

ನನಗೆ ಪರಿಚಯದ ಒಬ್ಬರು, ಶಾಲೆಯಲ್ಲಿ ಪಾಠ ಮಾಡುವವರು, ವಿಚ್ಛೇದನ ಆಗಿ ಏಳು ವರ್ಷದ ಮೇಲೆ ಅಣ್ಣನೇ ಮುಂದೆ ನಿಂತು ಒಂದು ಸೈಟಿನಲ್ಲಿ ಹೆಸರು ಹಾಕಿಸಿದ. ಲಂಡನ್ನಿನ ಡಾಕ್ಟರ್ ಒಬ್ಬ ಸಿಕ್ಕ. ಮೂರು ತಿಂಗಳು ದಿನಾ ಫೋನು. ಆಮೇಲೆ ಉಡುಗೊರೆ ಪಾರ್ಸೆಲ್ ಕಳಿಸಿದ್ದೇನೆ ಅಂದ. ದೆಹಲಿ ಕಸ್ಟಮ್ಸ್‌ನಿಂದ ಅಂತ ಒಬ್ಬ ಹೆಂಗಸು ಫೋನ್ ಮಾಡಿ ಸುಂಕ ಕೇಳಿದಳು, ಆಮೇಲೆ ದಂಡ ಕೇಳಿದಳು. ಮೂರು ಕಂತಲ್ಲಿ ನಾಲ್ಕು ಲಕ್ಷ ಹೋಯಿತು. ಅವರು ಪೊಲೀಸರ ಹತ್ತಿರ ಹೋಗಲಿಲ್ಲ. ದುಡ್ಡಿಗಿಂತ ಅಣ್ಣನಿಗೆ, ಸ್ಟಾಫ್‌ರೂಮಿಗೆ ಗೊತ್ತಾಗುತ್ತೆ ಅನ್ನೋ ಭಯ. ನನಗೆ ಹೇಳಿದ್ದೂ ವರ್ಷದ ಮೇಲೆ, ಬಸ್ ಸ್ಟಾಪಿನಲ್ಲಿ, ಬೇರೆ ಯಾರದೋ ಕಥೆ ಹೇಳುವ ಹಾಗೆ ಶುರುಮಾಡಿ. ವಿಟ್ಟಿ ಬರೆದಿರುವ ಮೆಟ್ಟಿಲುಗಳಲ್ಲಿ ಒಂದನ್ನೂ ಅವನು ಬಿಟ್ಟಿರಲಿಲ್ಲ. ಆ ಪ್ರಬಂಧ ಬಂದು ಅಷ್ಟೊತ್ತಿಗೆ ಎಷ್ಟು ವರ್ಷವಾಗಿತ್ತು! ಇವರಿಗೆ ಗೊತ್ತಾಗುವ ಭಾಷೆಯಲ್ಲಿ, ಇವರು ಇರುವ ಕಡೆ ಯಾರೂ ಅದನ್ನು ತಲುಪಿಸಿರಲಿಲ್ಲ ಅಷ್ಟೇ.

ಕನ್ನಡದಲ್ಲಿ ಪಾಡ್‌ಕಾಸ್ಟ್ ಮಾಡುವ ಹುಡುಗರು ಈಗ ಬೇಕಾದಷ್ಟು ಇದ್ದಾರೆ, ವಿಶ್ವವಿದ್ಯಾಲಯಗಳಲ್ಲಿ ಸಮಾಜಶಾಸ್ತ್ರ, ಮಹಿಳಾ ಅಧ್ಯಯನ ವಿಭಾಗಗಳೂ ಇವೆ. ಈ ಎರಡೂ ಕಡೆಯವರು ಒಂದು ಟೇಬಲ್ಲಿಗೆ ಬಂದರೆ ಸಾಕು. ‘ಯುವಜನತೆ ಎತ್ತ ಸಾಗುತ್ತಿದೆ’ ಎಂಬ ಉಪದೇಶದ ದನಿ ಬೇಡ. ಹಾಗೆ ಶುರುವಾದರೆ ಅಕ್ಕನ ಮಗಳು ಮೊದಲ ನಿಮಿಷಕ್ಕೇ ಬಂದ್ ಮಾಡುತ್ತಾಳೆ. ‘ಚಿಕ್ಕಮ್ಮ, ನೀವೆಲ್ಲ ಭಯ ಪಡಿಸೋಕೆ ಮಾತ್ರ ಬರ್ತೀರ’ ಅಂತ ಅವಳು ಒಮ್ಮೆ ಅಂದಿದ್ದಳು. ಅವಳ ಮಾತು ಸುಳ್ಳಲ್ಲ. ಆ್ಯಪಿನಲ್ಲಿ ಒಳ್ಳೇ ಸಂಗಾತಿ ಸಿಕ್ಕವರೂ ಇದ್ದಾರೆ, ಅವರ ದನಿಯೂ ಕಂತಿನಲ್ಲಿರಲಿ. ಜೊತೆಗೆ ಆ ಡಾಕ್ಟರನ ಥರದ ಮೆಸೇಜುಗಳನ್ನು ಒಂದೊಂದಾಗಿ ಓದಿ, ಇಲ್ಲಿ ಅವನು ಏನು ಮಾಡಿದ, ಅವಳಿಗೆ ಯಾಕೆ ಗೊತ್ತಾಗಲಿಲ್ಲ ಅಂತ ಬಿಡಿಸಿ ಹೇಳಲಿ. ಇಂಗ್ಲಿಷ್ ಚಿತ್ರ ನೋಡದ, ನೆಟ್‌ಫ್ಲಿಕ್ಸ್ ಚಂದಾ ಇಲ್ಲದ ಮನೆಗೂ ಅದು ಮೊಬೈಲಿನಲ್ಲಿ ಪುಕ್ಕಟೆ ಸಿಗಬೇಕು.

ಅಂಥದ್ದು ಬರುವವರೆಗೆ ಕೈಯಲ್ಲಿರುವುದನ್ನು ಬಳಸೋಣ. ಆನ್‌ಲೈನ್‌ನಲ್ಲಿ ಪರಿಚಯವಾದವನು ವಿಡಿಯೋ ಕಾಲಿಗೆ ಸಬೂಬು ಹೇಳುತ್ತಿದ್ದರೆ, ‘ಈ ವಿಷಯ ಮನೆಯಲ್ಲಿ ಹೇಳಬೇಡ’ ಅಂದರೆ, ಮುಖ ನೋಡುವ ಮೊದಲೇ ಹಣ, ಪಾರ್ಸೆಲ್, ಹೂಡಿಕೆ ಅಂದರೆ ಅಲ್ಲಿಗೇ ನಿಲ್ಲಿಸಿ ಇನ್ನೊಬ್ಬರ ಹತ್ತಿರ ಮಾತಾಡಿ. ಹಣ ಹೋಗಿಯೇ ಬಿಟ್ಟಿದ್ದರೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕೂಡಲೇ ಫೋನ್ ಮಾಡಿ, ಬ್ಯಾಂಕಿಗೂ ತಿಳಿಸಿ. ಮೆಸೇಜು, ಫೋಟೋ ಯಾವುದನ್ನೂ ನಾಚಿಕೆಯಿಂದ ಅಳಿಸಬೇಡಿ, ದೂರಿಗೆ ಅವೇ ಸಾಕ್ಷಿ. ಎಷ್ಟು ಬೇಗ ತಿಳಿಸಿದರೆ ಅಷ್ಟು, ಹಣ ಆ ಖಾತೆಯಿಂದ ಮುಂದೆ ಹೋಗದ ಹಾಗೆ ತಡೆಯುವ ಅವಕಾಶ ಹೆಚ್ಚು. ಆ ಹೊತ್ತಿನಲ್ಲಿ ಪಕ್ಕದಲ್ಲಿರುವ ಅಣ್ಣ, ಅತ್ತಿಗೆ, ಅಮ್ಮ ಯಾರೇ ಆಗಲಿ, ನಂಬರ್ ಒತ್ತಿ ಫೋನ್ ಅವಳ ಕೈಗೆ ಕೊಡಲಿ. ‘ಯಾಕೆ ಕೊಟ್ಟೆ’ ಅಂತ ಕೇಳೋದಕ್ಕೆ ಆಮೇಲೆ ಬೇಕಾದಷ್ಟು ದಿನ ಇರುತ್ತೆ.